ಅಯೋಮಯ

ಅಮ್ಮ ಬಟ್ಟೆಯ ಮೇಲಿನ ಕಲೆಗಳನ್ನು ಒಂದೊಂದಾಗಿ ಹೆಸರು ಹಿಡಿದು ಗುರುತಿಸುತ್ತಿದ್ದಳು. ಬಾಳೆಕಾಯಿಯದು ಕರೆ, ಎಣ್ಣೆಯದು ಜಿಡ್ಡು, ಅಪ್ಪನ ಅಂಗಿಯ ತೋಳಿನ ಮೇಲಿನದು ತುಕ್ಕು. ಕರೆ ಹೋಗುವುದಿಲ್ಲ ಎಂದು ಅವಳಿಗೆ ಗೊತ್ತಿತ್ತು, ಅದರ ತಂಟೆಗೆ ಹೋಗುತ್ತಿರಲಿಲ್ಲ. ಜಿಡ್ಡಿಗೆ ಸಾಬೂನು ಸಾಕು. ತುಕ್ಕಿಗೆ ಮಾತ್ರ ಒಂದು ನಿಂಬೆಹೋಳು, ಒಂದು ಚಿಟಿಕೆ ಉಪ್ಪು. ಒಗೆಯುವ ಕಲ್ಲಿನ ಮೇಲೆ ಅಂಗಿ ಹರವಿ, ಉಪ್ಪು ಉದುರಿಸಿ, ನಿಂಬೆಯಿಂದ ಉಜ್ಜಿ ಬಿಸಿಲಿಗೆ ಬಿಡುತ್ತಿದ್ದಳು. ಅಪ್ಪ ಭದ್ರಾವತಿಯ ಕಬ್ಬಿಣದ ಕಾರ್ಖಾನೆಯ ಫೌಂಡ್ರಿಯಲ್ಲಿದ್ದರು. ನಮ್ಮ ಮನೆಯಲ್ಲಿ ನಿಂಬೆಹಣ್ಣು ಉಪ್ಪಿನಕಾಯಿಗಿಂತ ಹೆಚ್ಚಾಗಿ ಒಗೆಯುವ ಕಲ್ಲಿಗೇ ಹೋಗುತ್ತಿತ್ತು.

ತುಕ್ಕಿನ ಆ ಬಣ್ಣಕ್ಕೆ ಇಂಗ್ಲಿಷಿನಲ್ಲಿ ಒಂದು ಅಪರೂಪದ ಗುಣವಾಚಕ ಇದೆ ಎಂದು ನನಗೆ ತಿಳಿದದ್ದು ರೈಲಿನಲ್ಲಿ. ಎಪ್ಪತ್ತರ ದಶಕದ ಕೊನೆ. ನಾನು ದಿನವೂ ಭದ್ರಾವತಿಯಿಂದ ಶಿವಮೊಗ್ಗದ ಕಾಲೇಜಿಗೆ ಹೋಗಿ ಬರುತ್ತಿದ್ದೆ. ಇಪ್ಪತ್ತು ಕಿಲೋಮೀಟರೂ ಇಲ್ಲದ ದಾರಿ, ಮೀಟರ್ ಗೇಜ್ ರೈಲು. ಭೂಗರ್ಭಶಾಸ್ತ್ರ ಓದುತ್ತಿದ್ದ ಗೆಳೆಯನೊಬ್ಬ ನೋಟುಪುಸ್ತಕ ತೆರೆದು ಬಾಯಿಪಾಠ ಮಾಡುತ್ತಿದ್ದ: ಬ್ಯಾಂಡೆಡ್ ಫೆರೂಜಿನಸ್ ಕ್ವಾರ್ಟ್ಜೈಟ್. ಬಾಬಾಬುಡನ್‌ಗಿರಿಯ ಕಲ್ಲಿಗೆ ಆ ಶಾಸ್ತ್ರದವರು ಇಟ್ಟ ಹೆಸರು ಅದು. ಮೊದಲ ಪದ, ಕೊನೆಯ ಪದ ನನಗೆ ಬೇಕಾಗಲಿಲ್ಲ. ನಡುವಿನದು ಹಿಡಿದುಕೊಂಡಿತು. ಫೆರೂಜಿನಸ್. ಬಾಯಲ್ಲಿಟ್ಟುಕೊಂಡರೆ ಒಂದು ಭಾರ, ಒಂದು ಉರುಳು. ನಾನು ಇಂಗ್ಲಿಷ್ ಸಾಹಿತ್ಯದ ವಿದ್ಯಾರ್ಥಿ, ಹೊಸ ಪದ ಸಿಕ್ಕಿದರೆ ಊಟ ಬಿಡುವ ವಯಸ್ಸು.

ಮನೆಗೆ ಬಂದು ಅಪ್ಪನಿಗೆ ಹೇಳಿದೆ. ಕಬ್ಬಿಣ ಇರುವಂಥದ್ದು, ತುಕ್ಕಿನ ಬಣ್ಣದ್ದು, ಎರಡಕ್ಕೂ ಇದೇ ಒಂದು ಪದ ಅಂತೆ ಎಂದೆ. ಅವರು ಎರಡನೇ ಶಿಫ್ಟಿಗೆ ಹೊರಟಿದ್ದರು. ಚಪ್ಪಲಿ ಮೆಟ್ಟುತ್ತಾ, "ಅದಕ್ಕೆ ಅಷ್ಟುದ್ದ ಇಂಗ್ಲಿಷ್ ಯಾಕೋ, ಕೆಮ್ಮಣ್ಣು ಅಂದ್ರೆ ಆಯ್ತಲ್ಲ" ಎಂದರು.

ಆ ಮಾತಿನ ಬೆಲೆ ನನಗೆ ತಿಳಿಯಲು ಎಷ್ಟೋ ವರ್ಷ ಹಿಡಿಯಿತು. ಅಪ್ಪನ ಕಾರ್ಖಾನೆಗೆ ಅದಿರು ಬರುತ್ತಿದ್ದದ್ದು ಅದೇ ಬಾಬಾಬುಡನ್‌ಗಿರಿ ಸಾಲಿನ ಕೆಮ್ಮಣ್ಣುಗುಂಡಿಯಿಂದ. ಬೆಟ್ಟದ ಮೇಲಿನಿಂದ ತಣಿಗೆಬೈಲಿಗೆ ರೋಪ್‌ವೇಯ ತೊಟ್ಟಿಲುಗಳಲ್ಲಿ ಇಳಿದು, ಅಲ್ಲಿಂದ ಹಳಿಯ ಮೇಲೆ ಭದ್ರಾವತಿಗೆ. ಶಾಸ್ತ್ರಜ್ಞರು ಮೂರು ಪದ ಸೇರಿಸಿ ಹೇಳಿದ್ದನ್ನು ಆ ಬೆಟ್ಟದ ಜನ ಯಾವ ಕಾಲದಲ್ಲೋ ಊರಿನ ಹೆಸರಿನಲ್ಲೇ ಇಟ್ಟಿದ್ದರು. ಕನ್ನಡದ ಗುಣವಾಚಕದ ನಡತೆಯೂ ಅಲ್ಲೇ ಇದೆ. ಇಂಗ್ಲಿಷಿನ ಗುಣವಾಚಕ ನಾಮಪದದ ಮುಂದೆ ದೂರ ಕಾಯ್ದು ನಿಲ್ಲುತ್ತದೆ. ನಮ್ಮದು ಹೋಗಿ ಅಂಟಿಕೊಳ್ಳುತ್ತದೆ. ಕೆಂಪು ಮತ್ತು ಮಣ್ಣು ಸೇರಿ ಕೆಮ್ಮಣ್ಣು, ಕೆಂಪು ಮತ್ತು ತಾವರೆ ಸೇರಿ ಕೆಂದಾವರೆ. ಬಣ್ಣವನ್ನು ವಸ್ತುವಿನಿಂದ ಕಿತ್ತು ತೆಗೆಯಲು ಬಾರದ ಹಾಗೆ ಕೂಡಿಸಿಬಿಡುತ್ತೇವೆ, ಅಂಗಿಗೆ ಹತ್ತಿದ ತುಕ್ಕಿನ ಹಾಗೆ.

ಆದರೂ ಆ ಇಂಗ್ಲಿಷ್ ಪದ ನನ್ನನ್ನು ಬಿಡಲಿಲ್ಲ. ಮುಂದೆ ಇಂಗ್ಲಿಷ್ ಮೇಷ್ಟ್ರಾದೆ, ಮೂವತ್ತು ವರ್ಷ ಶಿವಮೊಗ್ಗದಲ್ಲಿ ಪಾಠ ಹೇಳಿದೆ. ಎಲ್ಲಿ ಎದುರಾದರೂ ಅದನ್ನು ಗುರುತು ಹಾಕಿಕೊಳ್ಳುತ್ತಿದ್ದೆ. ಅದು ಎಲ್ಲೆಲ್ಲೂ ಹೋಗುವ ಪದ ಅಲ್ಲ. ತುಕ್ಕು ಹಿಡಿದ ಮೊಳೆಗೆ, ಬಾಗಿಲ ಚಿಲಕಕ್ಕೆ, ಸೈಕಲ್ಲಿಗೆ ಅದನ್ನು ಹಚ್ಚುವುದಿಲ್ಲ. ಅವಕ್ಕೆ ರಸ್ಟಿ ಎಂಬ ಮನೆಮಾತು ಇದೆ. ಫೆರೂಜಿನಸ್ ಎನ್ನುವುದು ಮಣ್ಣಿಗೆ, ಕಲ್ಲಿಗೆ, ಊಟೆಯ ನೀರಿಗೆ, ಹಕ್ಕಿಯ ಗರಿಗೆ, ಎಲೆಯ ಕೆಳಮೈಯ ಸಣ್ಣ ರೋಮಕ್ಕೆ. ಮನುಷ್ಯನ ಕೈ ಸೋಕದ ಕಬ್ಬಿಣದ ಮಾತು ಅದು. ಹತ್ತೊಂಬತ್ತನೇ ಶತಮಾನದ ವೈದ್ಯರು ರಕ್ತ ಕಡಿಮೆಯಾದವರಿಗೆ ಕೊಡುತ್ತಿದ್ದ ಕಬ್ಬಿಣದ ಔಷಧಿಗೂ ಈ ವಿಶೇಷಣ ಹಚ್ಚುತ್ತಿದ್ದರು. ದೊಡ್ಡವರೊಬ್ಬರ ಮೈಯಲ್ಲಿ ಮೂರು ನಾಲ್ಕು ಗ್ರಾಂ ಕಬ್ಬಿಣ ಇರುತ್ತದೆ, ಅದರ ಬಹುಪಾಲು ರಕ್ತದಲ್ಲಿ. ಆ ಲೆಕ್ಕದಲ್ಲಿ ಈ ಪದ ಮೊದಲು ಸಲ್ಲಬೇಕಾದದ್ದು ರಕ್ತಕ್ಕೆ. ರಕ್ತವನ್ನು ಯಾರೂ ಹಾಗೆ ಕರೆಯುವುದಿಲ್ಲ.

ಅದರ ಬೇರು ಲ್ಯಾಟಿನ್. ಫೆರಮ್ ಎಂದರೆ ಕಬ್ಬಿಣ, ಫೆರೂಗೊ ಎಂದರೆ ಅದರ ತುಕ್ಕು. ಇಷ್ಟಾದರೆ ಸುಲಭ. ಆದರೆ ಲ್ಯಾಟಿನ್ ಕವಿ ವರ್ಜಿಲ್‌ನಲ್ಲಿ ಫೆರೂಗೊ ಕೆಂಪಲ್ಲ. ಕ್ರಿ.ಪೂ. 44ರಲ್ಲಿ ಸೀಸರ್ ಸತ್ತಾಗ ಸೂರ್ಯ ತನ್ನ ಮುಖಕ್ಕೆ ಫೆರೂಗೊ ಮುಸುಕಿಕೊಂಡ ಎಂದು ಅವನು ಬರೆಯುತ್ತಾನೆ. ಸತ್ತವರನ್ನು ಹೊಳೆ ದಾಟಿಸುವ ಅಂಬಿಗನ ದೋಣಿಯ ಬಣ್ಣವೂ ಅದೇ. ಅದು ಕಪ್ಪೋ, ಕಡುನೇರಳೆಯೋ, ಕಬ್ಬಿಣದ ನೀಲಿಯೋ ಎಂದು ವಿದ್ವಾಂಸರು ಇಂದಿಗೂ ಚರ್ಚಿಸುತ್ತಾರೆ. ಒಂದೇ ಪದದಲ್ಲಿ ಕುಲುಮೆಯ ಕಪ್ಪೂ ಇದೆ, ಮಳೆಗೆ ನೆನೆದ ಕೆಂಪೂ ಇದೆ.

ನಮ್ಮ ಭಾಷೆ ಇಲ್ಲಿ ಗೊಂದಲ ಮಾಡಿಕೊಳ್ಳಲಿಲ್ಲ. ಕಬ್ಬಿಣ ಎಂಬ ಮಾತೇ ಹಳಗನ್ನಡದ ಕರ್ಬೊನ್ ಎನ್ನುತ್ತಾರೆ ಬಲ್ಲವರು: ಕರಿಯ ಪೊನ್ನು, ಕಪ್ಪು ಹೊನ್ನು. ಕರಿದಾದರೆ ಕಬ್ಬಿಣ, ಕೆಂಪಾದರೆ ಕೆಮ್ಮಣ್ಣು ಅಥವಾ ತುಕ್ಕು, ಕುಲುಮೆಯಿಂದ ಕಸವಾಗಿ ಬಿದ್ದದ್ದು ಕಿಟ್ಟ, ಎರಕಕ್ಕೆ ಬರುವುದು ಬೀಡು, ಹದಗೊಂಡದ್ದು ಉಕ್ಕು. ಆ ಕೊನೆಯ ಪದ ಇಂಗ್ಲಿಷಿಗೂ ಹೋಗಿದೆ. ದಕ್ಷಿಣ ಭಾರತದ ಮೂಸೆಯ ಉಕ್ಕನ್ನು ಪರೀಕ್ಷಿಸಿ ಜಾರ್ಜ್ ಪಿಯರ್ಸನ್ 1795ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಯಲ್ಲಿ ಪ್ರಬಂಧ ಓದಿದ; ಅಲ್ಲಿ ಅದರ ಹೆಸರು ವೂಟ್ಜ್. ಅದು ನಮ್ಮ ಉಕ್ಕೇ ಕೈತಪ್ಪಿ ಬರೆಯಲ್ಪಟ್ಟದ್ದು ಎಂಬುದು ಹೆಚ್ಚಿನವರ ಅಭಿಪ್ರಾಯ. ಒಂದು ನಾಮಪದ ನಮ್ಮಿಂದ ಅವರಿಗೆ ಹೋಯಿತು. ಅವರ ಗುಣವಾಚಕಕ್ಕೆ ನಮ್ಮಲ್ಲಿ ಏನಿದೆ ಎಂದು ನಾನು ಹುಡುಕುತ್ತಲೇ ಇದ್ದೆ. 'ಕಬ್ಬಿಣಯುಕ್ತ' ಎಂದರೆ ಔಷಧಿಯ ಶೀಶೆಯ ಮೇಲಿನ ಚೀಟಿಯಂತೆ ಕೇಳಿಸುತ್ತದೆ. 'ತುಕ್ಕಿನ ಬಣ್ಣದ' ಎಂದರೆ ಬಣ್ಣ ಬಂತು, ಕಬ್ಬಿಣ ಹೋಯಿತು.

ಹುಡುಕಾಟದಲ್ಲಿ ಎರಡು ಸಂತೋಷಗಳು ಸಿಕ್ಕವು. ಶಿವಮೊಗ್ಗದಲ್ಲಿ ಹಳದಿ ಹೂವಿನ ಸಾಲುಮರಗಳಿವೆಯಲ್ಲ, ಮಳೆಗಾಲಕ್ಕೆ ಮುಂಚೆ ರಸ್ತೆಗೆಲ್ಲ ಅರಿಶಿನ ಚೆಲ್ಲುವ ಕಾಪರ್‌ಪಾಡ್, ಅದರ ಹಳೆಯ ಶಾಸ್ತ್ರೀಯ ಹೆಸರು ಪೆಲ್ಟೋಫೋರಮ್ ಫೆರೂಜಿನಿಯಮ್. ಹೂವು ನೋಡಿ ಇಟ್ಟ ಹೆಸರಲ್ಲ. ಮೊಗ್ಗನ್ನು ಕೈಗೆ ತೆಗೆದುಕೊಂಡು ನೋಡಿದರೆ ಅದರ ಮೇಲೆ ತುಕ್ಕಿನ ಬಣ್ಣದ ಮಖಮಲ್ಲು ಇದೆ, ಕಾಯಿಗೂ ಅದೇ ಬಣ್ಣ. ನಾನು ದಿನಾ ಅದರಡಿ ನಡೆದು ಕಾಲೇಜಿಗೆ ಹೋಗುತ್ತಿದ್ದೆ. ಇನ್ನೊಂದು ಹಕ್ಕಿ. ಚಳಿಗಾಲದಲ್ಲಿ ಉತ್ತರದಿಂದ ನಮ್ಮ ದೇಶದ ಕೆರೆಗಳಿಗೆ ಬರುವ ಕಾವಿ ಬಣ್ಣದ ಒಂದು ಬಾತು, 1764ರಲ್ಲಿ ಪಲ್ಲಾಸ್ ಎಂಬ ವಿಜ್ಞಾನಿ ಫೆರೂಜಿನಿಯಾ ಎಂದು ಹೆಸರಿಟ್ಟದ್ದು. ಈಗದು ಟಡೋರ್ನಾ ಫೆರೂಜಿನಿಯಾ. ಪಕ್ಷಿಪುಸ್ತಕದಲ್ಲಿ ಅದರ ಭಾರತೀಯ ಹೆಸರು ನೋಡಿ ಪುಟ ಮುಚ್ಚಿ ಸುಮ್ಮನೆ ಕೂತೆ. ಅದು ಚಕ್ರವಾಕ. ಇರುಳೆಲ್ಲ ಜೋಡಿಯಿಂದ ಅಗಲಿ ಹೊಳೆಯ ಆಚೆ ದಡ ಈಚೆ ದಡದಲ್ಲಿ ಕೂಗುವುದೆಂದು ನಮ್ಮ ಕವಿಗಳು ಸಾವಿರ ವರ್ಷದಿಂದ ಹೇಳುತ್ತಾ ಬಂದ ಜಕ್ಕವಕ್ಕಿ. ನಾನು ರೈಲಿನಲ್ಲಿ ಕೇಳಿದ ಪದ ನಮ್ಮ ಕಾವ್ಯದ ಹಕ್ಕಿಯ ರೆಕ್ಕೆಯ ಮೇಲೇ ಕೂತಿತ್ತು.

ರೈಲಿನಲ್ಲಿ ಕೇಳಿದ ಆ ಕಲ್ಲಿನ ಅರ್ಥ ಆದದ್ದು ಅಜ್ಜಿಯ ಊರಿನಲ್ಲಿ. ಅಲ್ಲಿನ ಬಾವಿಯ ನೀರು ಸೇದುವಾಗ ತಿಳಿಯಾಗಿರುತ್ತಿತ್ತು. ರಾತ್ರಿ ಕೊಡದಲ್ಲಿಟ್ಟರೆ ಬೆಳಗ್ಗೆ ತಳದಲ್ಲಿ ಕೆಂಪು ಕೂತಿರುತ್ತಿತ್ತು, ಮೇಲೆ ತೆಳುವಾದ ಕೆನೆ. ನೀರಲ್ಲಿ ಕರಗಿದ್ದ ಕಬ್ಬಿಣ ಗಾಳಿ ತಾಗಿದೊಡನೆ ತುಕ್ಕಾಗಿ ಕೆಳಗಿಳಿಯುತ್ತದೆ. ಗೆಳೆಯ ಬಾಯಿಪಾಠ ಮಾಡುತ್ತಿದ್ದ ಬಾಬಾಬುಡನ್‌ಗಿರಿಯ ಪಟ್ಟೆಕಲ್ಲು ಹುಟ್ಟಿದ್ದೂ ಹೀಗೆಯೇ ಎಂದು ಅವನೇ ಮುಂದೆ ವಿವರಿಸಿದ. 250 ಕೋಟಿ ವರ್ಷಕ್ಕೂ ಹಿಂದೆ, ಇನ್ನೂ ಬೆಟ್ಟವೇ ಇಲ್ಲದ ಕಾಲದಲ್ಲಿ, ಕಡಲಿನ ನೀರಲ್ಲಿ ಕರಗಿದ್ದ ಕಬ್ಬಿಣ ಪದರ ಪದರವಾಗಿ ತಳಕ್ಕೆ ಕೂತಿತು. ಅಜ್ಜಿಯ ಕೊಡದ ತಳದಲ್ಲಿ ಒಂದು ರಾತ್ರಿಯಲ್ಲಿ ಆಗುತ್ತಿದ್ದದ್ದು ಅಲ್ಲಿ ಲಕ್ಷಾಂತರ ವರ್ಷ ಆಯಿತು. ಅಜ್ಜಿ ಮೇಲಿನ ನೀರನ್ನು ಮೆಲ್ಲಗೆ ಬಗ್ಗಿಸಿಕೊಂಡು, ತಳದ ಕೆಂಪನ್ನು ದಾಸವಾಳದ ಬುಡಕ್ಕೆ ಸುರಿಯುತ್ತಿದ್ದಳು.

ನಾನು ಹುಡುಕುತ್ತಿದ್ದ ಕನ್ನಡದ ಪದ ಸಿಕ್ಕಿದ್ದು ನಿವೃತ್ತನಾದ ಮೇಲೆ, ಬೇರೇನೋ ನೋಡಲು ಸಂಸ್ಕೃತ ಕೋಶ ತೆರೆದಾಗ. ಅಯಸ್ ಎಂದರೆ ಕಬ್ಬಿಣ. ಮಯ ಎಂದರೆ ಅದರಿಂದ ಆದದ್ದು, ಅದು ತುಂಬಿದ್ದು. ಅಯೋಮಯ.

ಅಷ್ಟು ವರ್ಷ ದಿನಕ್ಕೆ ಹತ್ತು ಸಲ ಆಡಿದ ಮಾತು! ಮಗನ ಓದು ಅಯೋಮಯ, ಜಮೀನಿನ ದಾಖಲೆ ಅಯೋಮಯ, ಏನೂ ತೋಚದಿದ್ದಾಗ ಎಲ್ಲ ಅಯೋಮಯ. ಸಂಸ್ಕೃತದಲ್ಲಿ ಗಟ್ಟಿ ಕಬ್ಬಿಣದ ಅರ್ಥವಿದ್ದ ಗುಣವಾಚಕ ಕನ್ನಡಕ್ಕೆ ಬಂದು, ಕಬ್ಬಿಣವನ್ನು ದಾರಿಯಲ್ಲೆಲ್ಲೋ ಇಳಿಸಿ, ಬರಿಯ ಮಸುಕಾಗಿ ಉಳಿದಿದೆ. ಫೆರೂಜಿನಸ್‌ಗೆ ಕಬ್ಬಿಣದ ಅರ್ಥದಲ್ಲಿ ಸಮವಾದ ಪದ ನಮ್ಮಲ್ಲಿತ್ತು, ನಾವು ಅದನ್ನು ಬೇರೆ ಕೆಲಸಕ್ಕೆ ಹಚ್ಚಿದ್ದೆವು. ನನಗೆ ಇದು ಬರಿಯ ಪದದ ಕುತೂಹಲವಾಗಿ ಉಳಿಯಲಿಲ್ಲ, ನಾನು ಭದ್ರಾವತಿಯವನು.

ಆ ಊರಿನ ಹಳೆಯ ಹೆಸರು ಬೆಂಕಿಪುರ. ಮೈಸೂರು ಸಂಸ್ಥಾನದ ಕಬ್ಬಿಣ ಕಾರ್ಖಾನೆ ಅಲ್ಲಿ ಶುರುವಾದದ್ದು 1923ರ ಜನವರಿ 18ರಂದು, ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ, ವಿಶ್ವೇಶ್ವರಯ್ಯನವರ ಹಟದಿಂದ. ಕಲ್ಲಿದ್ದಲು ಹತ್ತಿರದಲ್ಲಿಲ್ಲ. ಮಲೆನಾಡಿನ ಕಾಡಿನ ಸೌದೆ ಸುಟ್ಟ ಇದ್ದಿಲಿನಲ್ಲೇ ಅದಿರು ಕರಗಿಸಿದರು. ಸೌದೆಯ ಹೊಗೆಯನ್ನೂ ಬಿಡದೆ ಭಟ್ಟಿ ಇಳಿಸಿ ರಾಸಾಯನಿಕ ತೆಗೆದರು. ಆಮೇಲೆ ಸಿಮೆಂಟು ಬಂತು, 1930ರ ದಶಕದಲ್ಲಿ ಪಕ್ಕದಲ್ಲೇ ಕಾಗದದ ಕಾರ್ಖಾನೆ ಬಂತು. ನನ್ನ ಬಾಲ್ಯದ ಊರಿಗೆ ಗಡಿಯಾರ ಬೇಕಿರಲಿಲ್ಲ, ಸೈರನ್ ಕೂಗಿದರೆ ಒಲೆಯ ಮೇಲೆ ಅನ್ನಕ್ಕೆ ನೀರು. ರಾತ್ರಿ ಕಿಟ್ಟ ಸುರಿಯುವಾಗ ಆಕಾಶದ ಒಂದು ಮೂಲೆ ಕೆಂಪಾಗುತ್ತಿತ್ತು. ಅಮ್ಮ ನಮ್ಮನ್ನು ಅಂಗಳಕ್ಕೆ ಕರೆದು ತೋರಿಸಿ, "ನೋಡಿ, ಅಪ್ಪ ಅಲ್ಲಿದಾರೆ" ಎನ್ನುತ್ತಿದ್ದಳು.

ಕಾಗದದ ಕಾರ್ಖಾನೆ ನಿಂತು ವರ್ಷಗಳಾದವು. ಕಬ್ಬಿಣದ್ದು 1989ರಲ್ಲಿ ಸ್ಟೀಲ್ ಅಥಾರಿಟಿಯ ಕೈಗೆ ಹೋಗಿತ್ತು. 2023ರ ಜನವರಿಯಲ್ಲಿ, ಸರಿಯಾಗಿ ನೂರು ವರ್ಷ ತುಂಬುವ ವಾರದಲ್ಲೇ, ಅದನ್ನು ಮುಚ್ಚುವ ನಿರ್ಧಾರ ಬಂತು. ಗುತ್ತಿಗೆ ಕಾರ್ಮಿಕರು ಗೇಟಿನ ಮುಂದೆ ಧರಣಿ ಕೂತರು, ತಿಂಗಳುಗಟ್ಟಲೆ ಕೂತರು. ಅದೇ ವರ್ಷ ಸ್ವಲ್ಪ ಕೆಲಸ ಮತ್ತೆ ಶುರುವಾಯಿತು. ಊರವರ ಬಾಯಲ್ಲಿ ಮಾತ್ರ ಒಂದೇ ಮಾತು: ಮುಂದೆ ಏನೋ, ಎಲ್ಲ ಅಯೋಮಯ.

ಅಪ್ಪ ಫೌಂಡ್ರಿಯಿಂದ ತಂದ ಒಂದು ಕಿಟ್ಟದ ತುಂಡು ನನ್ನ ಮೇಜಿನ ಮೇಲಿದೆ. ಒಂದು ಮಗ್ಗುಲು ಗಾಜಿನಂತೆ ಕಪ್ಪು, ಇನ್ನೊಂದು ಮಗ್ಗುಲು ಕೆಂಪು. ವರ್ಜಿಲ್‌ನ ಪದದ ಎರಡೂ ಅರ್ಥ ಅಂಗೈ ಅಗಲದಲ್ಲಿ. ಆಯುರ್ವೇದದಲ್ಲಿ ಹಳೆಯ ಕಿಟ್ಟಕ್ಕೆ ಮಂಡೂರ ಎನ್ನುತ್ತಾರೆ, ಅದರ ಭಸ್ಮ ಪಾಂಡುರೋಗಕ್ಕೆ ಮದ್ದು. ರಸಶಾಸ್ತ್ರದಲ್ಲಿ ಅದಕ್ಕೆ ವಯಸ್ಸಿನ ಲೆಕ್ಕವಿದೆ: 60 ವರ್ಷದ್ದು ಅಧಮ, 80ರದ್ದು ಮಧ್ಯಮ, 100 ದಾಟಿದ್ದು ಉತ್ತಮ. ಕುಲುಮೆಯ ಕಸಕ್ಕೆ ನೂರು ವರ್ಷ ಕಾಯುವ ತಾಳ್ಮೆ ನಮ್ಮ ವೈದ್ಯರಿಗಿತ್ತು.

ಧರಣಿಯ ದಿನಗಳಲ್ಲಿ ಒಂದು ಮಧ್ಯಾಹ್ನ ನಾನು ಶಿವಮೊಗ್ಗದಿಂದ ಬಸ್ಸು ಹಿಡಿದು ಹೋದೆ. ಶಾಮಿಯಾನದ ಕೆಳಗೆ ಜಮಖಾನೆ, ನೀರಿನ ಕ್ಯಾನು, ವಿಶ್ವೇಶ್ವರಯ್ಯನವರ ಫೋಟೋ. ನಲವತ್ತರ ಆಸುಪಾಸಿನ ಒಬ್ಬರು ಜಾಗ ಮಾಡಿಕೊಟ್ಟರು. ನಾನು ಯಾರ ಮಗ ಎಂದು ಹೇಳಿದೆ. ಅವರ ಮಾವ ಅಪ್ಪನನ್ನು ಬಲ್ಲವರು. ಮಕ್ಕಳ ಫೀಸು, ಬಾಡಿಗೆ, ಸೊಸೈಟಿ ಸಾಲ, ಒಂದೊಂದೇ ಹೇಳಿ, "ಎಲ್ಲ ಅಯೋಮಯ ಮೇಷ್ಟ್ರೇ" ಎಂದು ನಿಲ್ಲಿಸಿದರು.

ಹೇಳಬಾರದಿತ್ತೇನೋ, ಅವರ ಕಷ್ಟದ ನಡುವೆ ನನ್ನ ಪದಕೋಶ ಯಾಕೆ ಎಂದು ಅರೆಕ್ಷಣ ಅನ್ನಿಸಿತು. ಆದರೂ ಹೇಳಿದೆ. ಆ ಪದಕ್ಕೆ ಮೊದಲು ಇದ್ದ ಅರ್ಥ ಬೇರೆ, ಕಬ್ಬಿಣದಿಂದ ಆದದ್ದು ಅಂತ.

ಅವರು ನನ್ನ ಮುಖವನ್ನೇ ನೋಡಿದರು. "ಕಬ್ಬಿಣದ್ದು ಅಂತಲಾ?"

"ಹೌದು. ಕಬ್ಬಿಣದ್ದು, ಕಬ್ಬಿಣ ತುಂಬಿರೋದು."

"ಬರೆದು ಕೊಡಿ" ಎಂದರು. ಬಸ್ಸಿನ ಟಿಕೆಟ್ಟಿನ ಹಿಂದೆ ಬರೆದುಕೊಟ್ಟೆ. ಎರಡು ಸಲ ಓದಿದರು, ಮಡಚಿ ಅಂಗಿಯ ಜೇಬಿಗೆ ಇಟ್ಟುಕೊಂಡರು, ಮತ್ತೆ ಹೊರತೆಗೆದು ಗೇಟಿನ ಹತ್ತಿರ ನಿಂತಿದ್ದವರ ಕಡೆ ಕೈ ಬೀಸಿದರು.

"ಇಲ್ ಬಾರೋ, ಮೇಷ್ಟ್ರು ಏನ್ ಹೇಳ್ತಿದಾರೆ ಕೇಳು."