ನಲವತ್ತೇಳನೆಯ ಮನೆ

ನಮ್ಮ ಕೆಲಸವೇನೆಂದು ಊರಿಗೆ ಹೋದಾಗಲೆಲ್ಲ ಅವ್ವ ಕೇಳುತ್ತಾಳೆ. "ಯಂತ್ರಗಳಿಗೆ ಮನೆ ನಂಬರು ಬರೆಯುವುದು" ಎನ್ನುತ್ತೇವೆ. "ಅದಕ್ಕೂ ಪಗಾರ ಕೊಡತಾರೇನೋ?" ಎಂದು ಆಕೆ ನಗುತ್ತಾಳೆ. ನಗಲಿ, ನಮ್ಮ ಮಾತೇನೂ ಸುಳ್ಳಲ್ಲ.

ಪುಣೆಯ ಹತ್ತಿರ ಚಾಕಣದ ಕಾರ್ಖಾನೆಯೊಂದರಲ್ಲಿ ನಮ್ಮ ದುಡಿಮೆ. ಮೋಟಾರಿನ ವೇಗ ಹಿಡಿಯುವ ಡ್ರೈವು, ಡಬ್ಬಿಗೆ ಚೀಟಿ ಅಂಟಿಸುವ ಯಂತ್ರ, ತಪ್ಪು ಕಂಡುಹಿಡಿಯುವ ಕ್ಯಾಮರಾ, ಇವನ್ನೆಲ್ಲ ಆಳುವ ಪಿ.ಎಲ್.ಸಿ. ಎಂಬ ಪೆಟ್ಟಿಗೆ, ಎಲ್ಲವೂ ಅಲ್ಲಿ ಒಂದೇ ತಂತಿಜಾಲದಲ್ಲಿ ಮಾತಾಡಿಕೊಳ್ಳುತ್ತವೆ. ಮಾತಾಡಲು ವಿಳಾಸ ಬೇಕು. 192.168.1.47 ಎಂಬಂತೆ ನಾಲ್ಕು ಸಂಖ್ಯೆಗಳು. ಒಂದೊಂದೂ 0ಯಿಂದ 255ರ ಒಳಗೆ. ನಮ್ಮ ಜಾಲದಲ್ಲಿ ಮೊದಲ ಮೂರು ಓಣಿಯ ಹೆಸರಿದ್ದಂತೆ, ಎಲ್ಲರಿಗೂ ಒಂದೇ. ಕೊನೆಯದು ಮನೆಯ ನಂಬರು. 0 ಓಣಿಗೇ ಮೀಸಲು, 255 ಎಲ್ಲರನ್ನೂ ಒಟ್ಟಿಗೆ ಕರೆಯಲು. ಉಳಿದದ್ದು 254 ಮನೆ. 1996ರ ನಿಯಮದಂತೆ 192.168ರಿಂದ ಆರಂಭವಾಗುವ ವಿಳಾಸಗಳೆಲ್ಲ ಖಾಸಗಿ ಜಾಲಗಳಿಗೆಂದೇ ಬಿಟ್ಟವು. ಆದುದರಿಂದ ಪಕ್ಕದ ಕಾರ್ಖಾನೆಯಲ್ಲೂ ಇದೇ 47 ಇದ್ದರೆ ತೊಂದರೆಯಿಲ್ಲ. ಒಂದೇ ಓಣಿಯಲ್ಲಿ ಎರಡಿದ್ದರೆ ಮಾತ್ರ ಅನಾಹುತ.

ಅಂಥ ಅನಾಹುತ ನಮ್ಮಲ್ಲೇ ಆಯಿತು. ಒಂದು ರಾತ್ರಿ ಪಾಳಿಯಲ್ಲಿ ಲೈನು ನಿಂತಿತು. ಚಾಲೂ ಮಾಡಿದರೆ ಐದು ನಿಮಿಷ ಓಡಿ ಮತ್ತೆ ನಿಲ್ಲುವುದು. ಬೆಳಗಿನವರೆಗೆ ಹುಡುಕಿದರೆ, 47ನೆಯ ಮನೆಯಲ್ಲಿ ಎರಡು ಸಂಸಾರ! "47 ಯಾರು?" ಎಂದು ಪಿ.ಎಲ್.ಸಿ. ಕೂಗಿದರೆ ಚೀಟಿಯಂತ್ರವೂ ಓಗೊಡುತ್ತಿತ್ತು, ಹೊಸ ಡ್ರೈವೂ ಓಗೊಡುತ್ತಿತ್ತು. ಕಾಗದ ಒಮ್ಮೆ ಇವರಿಗೆ, ಒಮ್ಮೆ ಅವರಿಗೆ.

ಡ್ರೈವು ಕೂಡಿಸಿದವನು ವಿಜಾಪುರದ ಕಡೆಯ ಹುಡುಗ. ಕೆಲಸಕ್ಕೆ ಸೇರಿ ಮೂರು ತಿಂಗಳು. ಮೇಲಿನವರು ಎಲ್ಲರೆದುರು ಅವನನ್ನು ತರಾಟೆಗೆ ತೆಗೆದುಕೊಂಡರು. ನಾಳೆಯಿಂದ ಬರಬೇಡವೆಂಬ ಮಾತೂ ಬಂತು. ಹುಡುಗ ನಮ್ಮ ಕಡೆ ತಿರುಗಿ, "ನಾ ಮೊದಲ ಕೂಗಿ ನೋಡಿದ್ನಿರಿ, ಸರ್. 47ದಾಗ ಯಾರೂ ಓ ಅನ್ನಲಿಲ್ಲರಿ. ವಹಿಯೊಳಗೂ ಖಾಲಿ ಇತ್ತರಿ" ಎಂದ.

ವಹಿ ಖಾಲಿಯಿದ್ದದ್ದು ನಿಜ. ಹದಿನೈದು ದಿನದ ಹಿಂದೆ ಚೀಟಿಯಂತ್ರಕ್ಕೆ ಆ ನಂಬರು ಕೊಟ್ಟವರು ನಾವು. ಊರಿನ ಬಸ್ಸಿಗೆ ಹೊತ್ತಾಗಿತ್ತು, ಬಂದಮೇಲೆ ಬರೆದರಾಯಿತೆಂದು ಹೋದೆವು, ಬಂದಮೇಲೆ ಮರೆತೆವು. ಹುಡುಗ ಕೂಗಿದ ದಿನ ಯಂತ್ರ ದುರಸ್ತಿಗೆಂದು ಬಂದ್ ಇತ್ತು. ಓಗೊಡಲಿಲ್ಲವೆಂದ ಮಾತ್ರಕ್ಕೆ ಮನೆ ಖಾಲಿಯಲ್ಲ, ಒಳಗಿನವರು ನಿದ್ದೆಯಲ್ಲಿರಬಹುದು.

ಆ ಕ್ಷಣವೇ ತಪ್ಪೊಪ್ಪಿಕೊಂಡೆವೆಂದು ಬರೆದರೆ ಓದುಗರು ಮೆಚ್ಚಿಯಾರು, ಆದರೆ ಸುಳ್ಳಾದೀತು. ಒಂದು ಕಪ್ಪು ಚಹಾ ಆರುವಷ್ಟು ಹೊತ್ತು ಸುಮ್ಮನಿದ್ದೆವು. ಇಪ್ಪತ್ತು ವರ್ಷ ಗಳಿಸಿದ ಹೆಸರು ಅಡ್ಡ ಬಂತು. ಹುಡುಗ ಚೀಲ ಹೆಗಲಿಗೇರಿಸಿದ್ದನ್ನು ಕಂಡಮೇಲೆ ಎದ್ದುಹೋಗಿ ಹೇಳಿದೆವು. ನಮಗೆ ಲಿಖಿತ ತಾಕೀತು ಸಿಕ್ಕಿತು; ಅವನ ಕೆಲಸ ಉಳಿಯಿತು.

ಡ್ರೈವಿಗೆ 48 ಕೊಟ್ಟು, ಪಿ.ಎಲ್.ಸಿ.ಗೂ ಅದನ್ನು ತಿಳಿಸಿದೆವು. ವಹಿಯಲ್ಲಿ 47ರ ಮುಂದೆ ನಾವು ಬರೆದೆವು, 48ರ ಮುಂದೆ ಹುಡುಗ ಬರೆದ. ಈಗ ನಮ್ಮಲ್ಲಿ ಮೊದಲು ವಹಿ, ಆಮೇಲೆ ತಂತಿ.

ಈಚೆಗೆ ಇದನ್ನೆಲ್ಲ ಅವ್ವನಿಗೆ ಹೇಳಿದೆವು. ಈ ಸಲ ಆಕೆ ನಗಲಿಲ್ಲ. "ಅಲ್ಲೋ, ಮನಿ ನಂಬರ ಬರಿಯೋದ ನಿನ್ನ ಕೆಲಸ ಅಂತಿ. ಅದನ್ನೂ ಬರಿಲಿಲ್ಲಂದ್ರ ಪಗಾರ ಯಾತಕ್ಕ?" ಎಂದಳು.