ಮೂವತ್ತು ರೂಪಾಯಿಗೆ ಕಾರ್ಡ್ ಫುಲ್

2007ರ ಸುಮಾರಿಗೆ ಸೋಮನಹಳ್ಳಿಯಲ್ಲಿ ಫೋನಿಗೊಂದು ಗೇಮ್ ಬೇಕೆಂದರೆ ಫೋನನ್ನೇ ಎತ್ತಿಕೊಂಡು ರಸ್ತೆಗೆ ಬರಬೇಕಿತ್ತು. ಬೆಂಗಳೂರು–ಮೈಸೂರು ಹೆದ್ದಾರಿ ಬದಿಯಲ್ಲಿ ಒಂದು ಕಡೆ ಟೀ ಅಂಗಡಿ, ಇನ್ನೊಂದು ಕಡೆ ಪಂಕ್ಚರ್ ಶೆಡ್ಡು, ನಡುವೆ ನನ್ನ ಸೋದರಮಾವನ ಅಂಗಡಿ. ಅದು ಮೊದಲು ಎಸ್‌ಟಿಡಿ ಬೂತ್ ಆಗಿತ್ತು. ಆಮೇಲೆ ಜೆರಾಕ್ಸ್ ಬಂತು, ಕರೆನ್ಸಿ ಹಾಕುವುದು ಬಂತು, ಕೊನೆಗೆ ಬೆಂಗಳೂರಿನ ಎಸ್.ಪಿ. ರೋಡಿನಿಂದ ಒಂದು ಸೆಕೆಂಡ್ ಹ್ಯಾಂಡ್ ಕಂಪ್ಯೂಟರ್ ಬಂತು. ಕಾಲೇಜು ಮುಗಿಸಿ ಬಂದವನೇ ನಾನು ಅದರ ಮುಂದೆ ಕೂರುತ್ತಿದ್ದೆ.

ಎಸ್.ಎಂ. ಕೃಷ್ಣ ಅವರ ಹುಟ್ಟೂರು ನಮ್ಮದು. 1999ರಿಂದ 2004ರವರೆಗೆ ಅವರು ಮುಖ್ಯಮಂತ್ರಿಯಾಗಿದ್ದಾಗ ಬೆಂಗಳೂರು ಐಟಿ ಊರಾಗಿ ಬೆಳೆದದ್ದು ಎಲ್ಲರಿಗೂ ಗೊತ್ತಿರುವುದೇ. ಅದೇ ಕಾಲದಲ್ಲಿ ಬಂದ ‘ಭೂಮಿ’ ಕೌಂಟರ್‌ನಿಂದ ಊರಿನ ಹಿರಿಯರಿಗೆ ಕಂಪ್ಯೂಟರ್ ಅಂದರೆ ತಾಲ್ಲೂಕು ಕಚೇರಿಯಲ್ಲಿ 15 ರೂಪಾಯಿಗೆ ಪಹಣಿ ಕೊಡುವ ಯಂತ್ರ ಎಂದಾಗಿತ್ತು. ಅದು ಗಾಜಿನ ಆಚೆಗಿತ್ತು, ಅಧಿಕಾರಿಯ ಕೈಯಲ್ಲಿತ್ತು. ಮಾವನ ಅಂಗಡಿಯದ್ದು ಹಾಗಲ್ಲ. ಪಕ್ಕದಲ್ಲಿ ನಿಂತು ನೋಡಬಹುದಿತ್ತು, ‘ಅದಲ್ಲ ಕಣಣ್ಣ, ಕೆಳಗಿರೋದು’ ಎಂದು ಬೆರಳಿಟ್ಟು ತೋರಿಸಬಹುದಿತ್ತು. ನಮ್ಮೂರಿನ ಎಷ್ಟೋ ಹುಡುಗರು ಮೌಸ್ ಮುಟ್ಟಿದ್ದು ಅಲ್ಲೇ ಮೊದಲು.

ಗಿರಾಕಿ ಬಂದ ಕೂಡಲೇ ಮಾವ ಕೇಳುತ್ತಿದ್ದುದು ಒಂದೇ ಮಾತು: ‘ಯಾವ ಸೆಟ್ಲಾ?’ ಆ ಪ್ರಶ್ನೆಯಲ್ಲೇ ಅರ್ಧ ಕಸುಬು ಇತ್ತು. ಟಾರ್ಚ್ ಇರುವ ನೋಕಿಯಾ 1100 ತಂದವನನ್ನು ಹಾಗೇ ವಾಪಸ್ ಕಳಿಸಬೇಕು; ಅದರೊಳಗೆ ಕಂಪನಿಯೇ ಇಟ್ಟ ಹಾವಿನ ಆಟದಂಥವನ್ನು ಬಿಟ್ಟರೆ ಇನ್ನೊಂದನ್ನು ತುರುಕಲು ದಾರಿಯೇ ಇಲ್ಲ. ಉಳಿದ ಸೆಟ್ಟುಗಳಿಗೆ ಜಾವಾ ಗೇಮ್. ಜಾರ್ ಫೈಲು ಅನ್ನುತ್ತಿದ್ದೆವು. ಅದರಲ್ಲೂ ಪರದೆಯ ಅಳತೆ ಹೊಂದಬೇಕು. ಕಂಪ್ಯೂಟರಿನ ಡಿ ಡ್ರೈವ್‌ನಲ್ಲಿ ಮಾವ ಫೋಲ್ಡರ್‌ಗಳನ್ನು ಮಾಡಿಟ್ಟಿದ್ದರು: 128×128, 128×160, 176×208, 240×320. ಒಂದೇ ಗೇಮ್ ನಾಲ್ಕು ಫೋಲ್ಡರಿನಲ್ಲೂ ಇರುತ್ತಿತ್ತು, ನಾಲ್ಕೂ ಬೇರೆ ಬೇರೆ ಫೈಲು. 240×320ರದ್ದನ್ನು ಚಿಕ್ಕ ಸೆಟ್ಟಿಗೆ ಹಾಕಿದರೆ ಕಾರಿನ ಅರ್ಧ ಭಾಗ ಪರದೆಯಾಚೆ ಹೋಗಿಬಿಡುವುದು. ಚಿಕ್ಕದ್ದನ್ನು ದೊಡ್ಡ ಸೆಟ್ಟಿಗೆ ಹಾಕಿದರೆ ಮೂಲೆಯಲ್ಲಿ ಅಂಚೆಚೀಟಿಯಷ್ಟಗಲ ಆಟ, ಸುತ್ತ ಖಾಲಿ ಬಿಳಿ. ಹಳೇ ನೋಕಿಯಾಗಳಲ್ಲಿ ಕೆಲವು 64 ಕೆ.ಬಿ. ದಾಟಿದ ಗೇಮನ್ನು ಒಳಗೇ ಬಿಟ್ಟುಕೊಳ್ಳುತ್ತಿರಲಿಲ್ಲ. ಸೆಟ್ಟಿನ ಬೆನ್ನು ನೋಡಿಯೇ ಯಾವ ಫೋಲ್ಡರ್ ತೆರೆಯಬೇಕೆಂದು ಹೇಳುವಷ್ಟು ಮಾವನಿಗೆ ಬಾಯಿಪಾಠವಾಗಿತ್ತು. 6600 ಅಂದರೆ 176×208, 3110 ಕ್ಲಾಸಿಕ್ ಅಂದರೆ 128×160, 5130 ಅಂದರೆ 240×320.

ಮೆಮೊರಿ ಕಾರ್ಡ್ ಇದ್ದವರ ಕೆಲಸ ಸಲೀಸು. ಉಗುರಿನಲ್ಲಿ ಕಾರ್ಡ್ ಮೀಟಿ ತೆಗೆದು, ರೀಡರಿಗೆ ಸಿಕ್ಕಿಸಿ, ಕಾಪಿ ಹಾಕಿ ಕೊಡುವುದು. ಒಂದು ಗೇಮಿಗೆ ಐದು ರೂಪಾಯಿ, ಹಾಡು–ಗೇಮ್ ಸೇರಿಸಿ ಒಂದು ಜಿ.ಬಿ. ಕಾರ್ಡ್ ಫುಲ್ ಮಾಡಿದರೆ ಮೂವತ್ತು. ಕಾರ್ಡ್ ಇಲ್ಲದ ಸೆಟ್ಟಿಗೆ ಕೇಬಲ್ ಹಾಕಿ ನೋಕಿಯಾ ಪಿಸಿ ಸೂಟ್ ತೆರೆಯಬೇಕು. ಮಾವನ ಮೇಜಿನ ಡ್ರಾಯರ್ ತುಂಬ ಕೇಬಲ್ಲುಗಳು. ಒಬ್ಬೊಬ್ಬ ಕಂಪನಿಯವನದು ಒಂದೊಂದು ಮೂತಿ, ಒಂದೇ ಕಂಪನಿಯಲ್ಲೂ ಎರಡು ಮೂರು. ಕೇಬಲ್ ಸಿಗದಿದ್ದರೆ ಬ್ಲೂಟೂತ್. ಅದು ಹೋಗುವ ಹೊತ್ತಿಗೆ ಗಿರಾಕಿ ಪಕ್ಕದಲ್ಲಿ ಟೀ ಕುಡಿದು ಬರಬಹುದಿತ್ತು.

ಗೇಮ್‌ಗಳು ಎಲ್ಲಿಂದ ಬರುತ್ತಿದ್ದವು? ಮೊದಮೊದಲು ಮದ್ದೂರಿನಲ್ಲಿ ರೈಲು ಹತ್ತಿ ಬೆಂಗಳೂರಿಗೆ ಹೋಗಿ, ನ್ಯಾಷನಲ್ ಮಾರ್ಕೆಟ್‌ನಲ್ಲಿ ಡಿವಿಡಿ ಕೊಂಡು ತರುತ್ತಿದ್ದೆವು. ಅಂಗಡಿಗೆ ಬಿಎಸ್‌ಎನ್‌ಎಲ್ ಬ್ರಾಡ್‌ಬ್ಯಾಂಡ್ ಬಂದ ಮೇಲೆ ರಾತ್ರಿ ಪಾಳಿ ಶುರುವಾಯಿತು. ನಾವು ಹಾಕಿಸಿಕೊಂಡಿದ್ದ 500 ರೂಪಾಯಿ ಪ್ಲಾನ್‌ನಲ್ಲಿ ಹಗಲು ಲೆಕ್ಕ, ರಾತ್ರಿ ಎರಡರಿಂದ ಬೆಳಗ್ಗೆ ಎಂಟರವರೆಗೆ ಎಷ್ಟು ಇಳಿಸಿಕೊಂಡರೂ ಬಿಟ್ಟಿ. ಮಾವ ಎರಡು ಗಂಟೆಗೆ ಅಲಾರಾಂ ಇಟ್ಟು ಎದ್ದು ಡೌನ್‌ಲೋಡ್ ಹಾಕಿ ಮಲಗುತ್ತಿದ್ದರು. ಬೆಳಿಗ್ಗೆ ನೋಡಿದರೆ ಕರೆಂಟ್ ಹೋಗಿ ಯುಪಿಎಸ್ ಕೂಗಿ ಕೂಗಿ ಸತ್ತು, ಅರ್ಧಕ್ಕೆ ನಿಂತ ಫೈಲು ಕಾಣುವುದೂ ಉಂಟು. ಹಾಗೆ ಒಮ್ಮೆ ಇಳಿಸಿಕೊಂಡ ಒಂದು ಗೇಮ್ ಸೋಮನಹಳ್ಳಿ, ನಿಡಘಟ್ಟ, ಮದ್ದೂರು ಸುತ್ತಿನ ಎಷ್ಟು ಫೋನುಗಳಿಗೆ ಹೋಗುತ್ತಿತ್ತೋ! ಒಬ್ಬೊಬ್ಬರ ಕೈಗೂ ನೆಟ್ ನಿಲುಕದ ಕಾಲದಲ್ಲಿ ಒಂದು ಕಂಪ್ಯೂಟರು ಸುತ್ತಲಿನ ಹಳ್ಳಿಗಳಿಗೆಲ್ಲ ನೆಟ್ ಹಂಚಿದ್ದು ಹೀಗೆ. ಅದನ್ನು ಯಾರೂ ಎಲ್ಲೂ ಬರೆದಿಟ್ಟಿಲ್ಲ ಎಂಬುದು ನನಗೆ ನೋವಿನ ಸಂಗತಿ.

ಗಿರಾಕಿಗಳೆಂದರೆ ಬರೀ ಹುಡುಗರಲ್ಲ. ಕಬ್ಬಿನ ಲಾರಿ ಡ್ರೈವರುಗಳು ಹಾಡಿನ ಜೊತೆ ಕ್ರಿಕೆಟ್ ಗೇಮ್ ಹಾಕಿಸುತ್ತಿದ್ದರು. ಕಾರ್ಖಾನೆ ಮುಂದೆ ಕ್ಯೂನಲ್ಲಿ ರಾತ್ರಿಯಿಡೀ ಕಾಯಬೇಕಲ್ಲ. ಮದ್ದೂರು ಎಳನೀರು ಮಾರ್ಕೆಟ್ಟಿನಲ್ಲಿ ಲೋಡ್ ಮಾಡುವವರು ಬರುತ್ತಿದ್ದರು. ಗಾರ್ಮೆಂಟ್ಸ್‌ಗೆ ಹೋಗುವ ಹೆಣ್ಣುಮಕ್ಕಳು ಶನಿವಾರ ಸಂಜೆ ಬಸ್ಸಿಳಿದು, ‘ಮಗೀಗೆ ಏನಾರ ಹಾಕ್ಕೊಡಣ್ಣ, ಫೋನ್ ಕೊಡ್ದೆ ಊಟ ಮಾಡಕಿಲ್ಲ’ ಎನ್ನುತ್ತಿದ್ದರು. ಅಂಥವರಿಗೆ ಮಾವ ಕೇಳುವ ಎರಡನೇ ಪ್ರಶ್ನೆ: ‘ಎಷ್ಟು ವರ್ಷದ ಮಗ?’ ಐದು ವರ್ಷದ್ದಕ್ಕೆ ಕೆಂಪು ಚೆಂಡು ಪುಟಿಯುವ ಬೌನ್ಸ್, ಹತ್ತು ದಾಟಿದರೆ ಡೈಮಂಡ್ ರಶ್. ಗುಂಡು ಹಾರಿಸುವುದನ್ನು ಚಿಕ್ಕವರಿಗೆ ಹಾಕುತ್ತಿರಲಿಲ್ಲ. ಕೆಲವು ಗೇಮ್‌ಗಳು ಎರಡು ಲೆವೆಲ್ ಆದ ಮೇಲೆ ‘ಎಸ್‌ಎಂಎಸ್ ಕಳಿಸಲೇ?’ ಎಂದು ಕೇಳುತ್ತಿದ್ದವು. ಯೆಸ್ ಒತ್ತಿದರೆ ಕರೆನ್ಸಿ ಹೋಯಿತು. ಹೊಸ ಗೇಮ್ ಬಂದರೆ ನಾನು ಮೊದಲು ಕೂತು ಆಡಿ ನೋಡಬೇಕಿತ್ತು. ಹಾಗೆ ಕೇಳಿದವನ್ನು ಅಳಿಸಿಬಿಡುತ್ತಿದ್ದೆವು. ಇದು ಮಾವ ತಾವೇ ಮಾಡಿಕೊಂಡ ನಿಯಮ. ಯಾರೂ ಕೇಳಿರಲಿಲ್ಲ.

ನಡುವೆ ಚೈನಾ ಸೆಟ್ಟುಗಳ ಕಾಲ ಬಂತು. ಎರಡು ಸಿಮ್, ಊರೆಲ್ಲ ಕೇಳುವ ಸ್ಪೀಕರ್. ಅವಕ್ಕೆ ಎಂಆರ್‌ಪಿ ಎಂಬ ಬೇರೆಯದೇ ಫೈಲು. ಕಾರ್ಡಿನಲ್ಲಿ ‘ಮಿಥ್‌ರೋಡ್’ ಎಂಬ ಫೋಲ್ಡರ್ ಮಾಡಿ ಅದರೊಳಗೇ ಹಾಕಬೇಕು, ಹೆಸರಲ್ಲಿ ಒಂದಕ್ಷರ ತಪ್ಪಿದರೂ ಕಾಣುವುದಿಲ್ಲ. 2009ರ ನವೆಂಬರ್ 30ರ ಮಧ್ಯರಾತ್ರಿಯಿಂದ ಸರಿಯಾದ ಐಎಂಇಐ ನಂಬರ್ ಇಲ್ಲದ ಸೆಟ್ಟುಗಳಿಗೆ ಕರೆ ಬಂದ್ ಎಂದು ಸರ್ಕಾರ ಆದೇಶ ಮಾಡಿದಾಗ ಅಂಗಡಿ ಮುಂದೆ ಜನ ಸೇರಿದ್ದು ನೆನಪಿದೆ. 199 ರೂಪಾಯಿ ಕಟ್ಟಿ ನಂಬರ್ ಹಾಕಿಸಿಕೊಳ್ಳುವ ಅಧಿಕೃತ ವ್ಯವಸ್ಥೆಯೂ ಇತ್ತು. ಕಟ್ಟಲಾಗದವರು ಸಿಮ್ ತೆಗೆದು ಆ ಸೆಟ್ಟನ್ನು ಮಕ್ಕಳ ಗೇಮ್ ಆಡುವ ಸಾಮಾನು ಮಾಡಿಕೊಂಡರು. ನಮ್ಮ ಎಂಆರ್‌ಪಿ ಫೋಲ್ಡರಿಗೆ ಇನ್ನಷ್ಟು ದಿನ ಆಯುಷ್ಯ ಸಿಕ್ಕಿತು.

2010ರಲ್ಲಿ ನೋಕಿಯಾ 5233 ಬಂದದ್ದೇ ಬಂದದ್ದು, ಊರಿನ ಹುಡುಗರ ಕೈಗೆ ಟಚ್ ಬಂತು. ಅದು ಸಿಂಬಿಯನ್. ಗೇಮ್ ಹಾಕಲು ಹೋದರೆ ‘ಸರ್ಟಿಫಿಕೇಟ್ ಎಕ್ಸ್‌ಪೈರ್ಡ್’ ಎನ್ನುತ್ತಿತ್ತು. ಇದಕ್ಕೆ ಮದ್ದು ಫೋನಿನ ತಾರೀಖು. ಗೇಮ್ ಕಟ್ಟಿದವರ ಸಹಿಗೆ ಅವಧಿ ಇರುತ್ತಿತ್ತು. ಫೋನಿನ ಕ್ಯಾಲೆಂಡರನ್ನು ಒಂದೆರಡು ವರ್ಷ ಹಿಂದಕ್ಕೆ ತಳ್ಳಿ, ಗೇಮ್ ಹಾಕಿ, ಮತ್ತೆ ಇವತ್ತಿಗೆ ತಂದರೆ ಸುಮ್ಮನೆ ಆಡುತ್ತಿತ್ತು. ನನ್ನ ಮುಂದೆ ಕೂತ ಹುಡುಗರು ಈ ಕೆಲಸವನ್ನು ಕಣ್ಣು ಮಿಟುಕಿಸದೆ ನೋಡುತ್ತಿದ್ದರು. ಅವರಲ್ಲಿ ಕೆಲವರು ಡಿಪ್ಲೊಮಾ ಓದಿ ಇವತ್ತು ಬೆಂಗಳೂರಿನಲ್ಲಿ ಸಾಫ್ಟ್‌ವೇರ್ ಕೆಲಸದಲ್ಲಿದ್ದಾರೆ.

ಈ ಗೇಮ್‌ಗಳಲ್ಲಿ ಒಂದಕ್ಕೂ ನಾವು ದುಡ್ಡು ಕೊಟ್ಟಿರಲಿಲ್ಲ. ಡೈಮಂಡ್ ರಶ್ ಕಟ್ಟಿದ ಗೇಮ್‌ಲಾಫ್ಟ್ ಕಂಪನಿಗೆ ಹೈದರಾಬಾದಿನಲ್ಲೂ ಸ್ಟುಡಿಯೊ ಇತ್ತು. ನಮ್ಮಂಥದ್ದೇ ಊರುಗಳಿಂದ ಹೋದ ಹುಡುಗರು ಅಲ್ಲಿ ಕೂತು ಕೆಲಸ ಮಾಡಿದ್ದಿರಬಹುದು, ಅವರ ಬೆವರಿಗೆ ನಮ್ಮ ಐದು ರೂಪಾಯಿಯಲ್ಲಿ ಪಾಲಿರಲಿಲ್ಲ. ಆದರೆ ಕೊಡೋಣವೆಂದರೂ ಸುಲಭದ ದಾರಿ ಇರಲಿಲ್ಲ ಎಂಬುದೂ ನಿಜ. ನೋಕಿಯಾದ ಓವಿ ಸ್ಟೋರ್ 2009ರಲ್ಲೇ ಶುರುವಾಗಿತ್ತು, ಅದರಲ್ಲಿ ಕೊಳ್ಳಲು ಬೇಕಾದ ಕಾರ್ಡು ನಮ್ಮಲ್ಲಿ ಯಾರ ಬಳಿ ಇತ್ತು? 2014ರಲ್ಲಿ ರಾಜ್ಯದ ಗೂಂಡಾ ಕಾಯ್ದೆಗೆ ‘ಡಿಜಿಟಲ್ ಅಪರಾಧಿ’ಗಳನ್ನೂ ಸೇರಿಸಿದಾಗ ಹೆದ್ದಾರಿಯುದ್ದಕ್ಕೂ ಇಂಥ ಅಂಗಡಿಯವರಿಗೆ ಭಯ ಹತ್ತಿತು. ಹಾಡು, ಗೇಮ್ ಜೊತೆ ಸಿನಿಮಾವನ್ನೂ ಹಾಕಿಕೊಡುತ್ತಿದ್ದ ಮಾವ ಅದನ್ನು ಆ ವರ್ಷವೇ ನಿಲ್ಲಿಸಿದರು.

ಅಷ್ಟರಲ್ಲಿ ಆಂಡ್ರಾಯ್ಡ್ ಬಂದಿತ್ತು. ಈಗ ಪರದೆಯ ಅಳತೆಯ ತಲೆನೋವಿಲ್ಲ, ಆದರೆ ಫೈಲು ಬೆಟ್ಟದಷ್ಟು. ಟೆಂಪಲ್ ರನ್, ಸಬ್‌ವೇ ಸರ್ಫರ್ಸ್ ಚಿಕ್ಕವು. ಹುಡುಗರು ಕೇಳುತ್ತಿದ್ದುದು ವೈಸ್ ಸಿಟಿ. ಸೆಟ್ಟಿಂಗ್ಸ್‌ಗೆ ಹೋಗಿ ‘ಅನ್‌ನೋನ್ ಸೋರ್ಸಸ್’ಗೆ ಟಿಕ್ ಹಾಕಬೇಕು, ಎಪಿಕೆ ಎಂಬ ಆಪ್ ಫೈಲು ಹಾಕಬೇಕು, ಆಮೇಲೆ ಗೇಮಿನ ನಿಜವಾದ ಸರಕು ಇರುವ ಒಬಿಬಿ ಫೈಲನ್ನು ಕೇಬಲ್ ಮೂಲಕ ಆಂಡ್ರಾಯ್ಡ್ ಫೋಲ್ಡರಿನೊಳಗಿನ ಒಬಿಬಿ ಫೋಲ್ಡರಿಗೆ, ಆ ಗೇಮಿನ ಹೆಸರಲ್ಲೇ ಇಡಬೇಕು. ಒಂದು ಜಿ.ಬಿ. ದಾಟಿದ ಫೈಲು ಹರಿದುಬರುವಷ್ಟು ಹೊತ್ತು ಕೇಬಲ್ ಅಲ್ಲಾಡಕೂಡದು. ಅಗ್ಗದ ಟ್ಯಾಬ್ಲೆಟ್‌ಗಳೂ ಬಂದವು. ಮಕ್ಕಳು ಓದಲಿ ಎಂದು ಅಪ್ಪ ಕೊಡಿಸಿದ್ದು, ಮಗ ನೇರ ನಮ್ಮ ಅಂಗಡಿಗೆ ತರುತ್ತಿದ್ದುದು. ಒಂದು ಜಿ.ಬಿ. ಡೇಟಾಗೆ ಇನ್ನೂರೈವತ್ತರ ಆಸುಪಾಸು ಕೊಡಬೇಕಿದ್ದ ದಿನಗಳವು. ನಮ್ಮಲ್ಲಿ ಐವತ್ತಕ್ಕೆ ಗೇಮ್ ಸಿಗುತ್ತಿತ್ತು. ಅಂಗಡಿ ಅತ್ಯಂತ ಚೆನ್ನಾಗಿ ನಡೆದದ್ದು ಆ ಮೂರು ನಾಲ್ಕು ವರ್ಷ.

2016ರ ಸೆಪ್ಟೆಂಬರ್ 5. ಮಂಡ್ಯ ಜಿಲ್ಲೆಯವರಿಗೆ ಆ ದಿನ ನೆನಪಿರುವುದು ಬೇರೆ ಕಾರಣಕ್ಕೆ. ತಮಿಳುನಾಡಿಗೆ ದಿನಕ್ಕೆ 15,000 ಕ್ಯೂಸೆಕ್‌ನಂತೆ ಹತ್ತು ದಿನ ಕಾವೇರಿ ನೀರು ಬಿಡಿ ಎಂದು ಸುಪ್ರೀಂ ಕೋರ್ಟ್ ಹೇಳಿದ್ದು ಅಂದೇ. ಹೆದ್ದಾರಿಯಲ್ಲಿ ಟೈರು ಉರಿಯಿತು, ಬಸ್ಸು ನಿಂತವು, ಮಾವ ಶಟರ್ ಎಳೆದರು. ಜಿಯೊ ಶುರುವಾದದ್ದೂ ಅದೇ ಸೆಪ್ಟೆಂಬರ್ 5ಕ್ಕೆ. ಡಿಸೆಂಬರ್ ಕೊನೆಯವರೆಗೆ ಬಿಟ್ಟಿ, ಆಮೇಲೆ ಮತ್ತೆ ಮಾರ್ಚ್ 31ರವರೆಗೆ ಬಿಟ್ಟಿ. ಗಲಾಟೆ ತಣ್ಣಗಾಗಿ ಅಂಗಡಿ ತೆರೆದ ವಾರಗಳಲ್ಲಿ ನಮಗೆ ಗೊತ್ತಾಯಿತು, ಬರುವವರು ಗೇಮಿಗೆ ಬರುತ್ತಿಲ್ಲ, ಸಿಮ್ಮಿಗೆ ಆಧಾರ್ ಜೆರಾಕ್ಸ್ ಬೇಕಾಗುತ್ತದೋ ಏನೋ ಎಂದು ಬರುತ್ತಿದ್ದಾರೆ. ಫೋನಿಗೆ ಗೇಮ್ ಹಾಕಲು ಕಂಪ್ಯೂಟರೇ ಬೇಡವಾಯಿತು. ನಮ್ಮಲ್ಲಷ್ಟೇ ಅಲ್ಲ, ಲೋಕದಲ್ಲೆಲ್ಲ ಹಾಗೇ ಆಗುತ್ತಿತ್ತು. ಮರುವರ್ಷ ಸೆಪ್ಟೆಂಬರಿನಲ್ಲಿ ಆಪಲ್ ಕಂಪನಿ ಕೂಡ ಕಂಪ್ಯೂಟರಿನ ಐಟ್ಯೂನ್ಸ್‌ನಿಂದ ಆಪ್ ಸ್ಟೋರನ್ನೇ ತೆಗೆದುಹಾಕಿತು. ಇದ್ದಬದ್ದ ಕಾಪಿ ಕೆಲಸವನ್ನು ಫೋನಿನಿಂದ ಫೋನಿಗೇ ಫೈಲು ಕಳಿಸುವ ಶೇರ್‌ಇಟ್, ಕ್ಸೆಂಡರ್ ಆಪ್‌ಗಳು ತಿಂದವು. 2020ರ ಜೂನ್‌ನಲ್ಲಿ ಅವೆರಡೂ, ಸೆಪ್ಟೆಂಬರ್‌ನಲ್ಲಿ ಪಬ್‌ಜಿಯೂ ನಿಷೇಧವಾದಾಗ ಕೆಲವು ಹುಡುಗರು ಎಪಿಕೆ ಹುಡುಕಿಕೊಂಡು ಮತ್ತೆ ಬಂದರು. ಮಾವ ಹಾಕಿಕೊಡಲಿಲ್ಲ.

ಅಂಗಡಿ ಇವತ್ತೂ ಇದೆ. 2023ರ ಮಾರ್ಚ್ 12ರಂದು ಗೆಜ್ಜಲಗೆರೆಯಲ್ಲಿ ಉದ್ಘಾಟನೆಯಾದ ಎಕ್ಸ್‌ಪ್ರೆಸ್‌ವೇ ಮೇಲೆ ಕಾರುಗಳು ನಿಲ್ಲದೆ ಹೋಗುತ್ತವೆ. ಬೈಕು, ಆಟೊಗಳಿಗೆ ಅಲ್ಲಿ ಪ್ರವೇಶವೇ ಇಲ್ಲ, ಅವೆಲ್ಲ ನಮ್ಮ ಸರ್ವಿಸ್ ರಸ್ತೆಯಲ್ಲೇ ಬರಬೇಕು. ಆನ್‌ಲೈನ್ ಅರ್ಜಿ, ಆಧಾರ್, ಫೋಟೊ, ಲ್ಯಾಮಿನೇಷನ್ನಿನಲ್ಲಿ ಜೀವನ ನಡೆಯುತ್ತಿದೆ. 2024ರ ಡಿಸೆಂಬರ್ 11ರಂದು ಕೃಷ್ಣ ಅವರ ಅಂತ್ಯಕ್ರಿಯೆಗೆ ಊರಿಗೆ ಊರೇ ತುಂಬಿದಾಗ ಮಾವ ಬಂದವರಿಗೆಲ್ಲ ಫೋನ್ ಚಾರ್ಜ್ ಮಾಡಿಕೊಟ್ಟರು, ದುಡ್ಡು ತೆಗೆದುಕೊಳ್ಳಲಿಲ್ಲ.

ಮಾವನನ್ನು ಈಗ ಕಾಡುವುದು ಎಪಿಕೆಯೇ. ಮದುವೆ ಕರೆಯೋಲೆ ಎಂದೋ, ಟ್ರಾಫಿಕ್ ದಂಡ ಎಂದೋ ವಾಟ್ಸ್‌ಆ್ಯಪಿನಲ್ಲಿ ಬರುವ ಫೈಲು ಒತ್ತಿದವರು ಬ್ಯಾಂಕಿನ ದುಡ್ಡು ಕಳೆದುಕೊಂಡು ಅಂಗಡಿಗೆ ಓಡಿ ಬರುತ್ತಾರೆ. ಹಣ ಕಟ್ಟಿಸುವ ಆಟಗಳು ಇನ್ನೊಂದು ಕಡೆ. ಅವನ್ನು ತಡೆಯುವ ಕಾನೂನು ಕೇಂದ್ರದಲ್ಲಿ ಬಂದದ್ದು 2025ರ ಆಗಸ್ಟ್‌ನಲ್ಲಿ, ಅಷ್ಟು ಹೊತ್ತಿಗೆ ನಮ್ಮ ಸುತ್ತಿನ ಎಷ್ಟೋ ಮನೆಗಳಲ್ಲಿ ಆಗಬಾರದ್ದು ಆಗಿಹೋಗಿತ್ತು. ಹಿಂದೆ ಫೋನಿನೊಳಕ್ಕೆ ಏನೇ ಹೋಗಬೇಕಾದರೂ ನಡುವೆ ಒಬ್ಬ ಮನುಷ್ಯ ಇರುತ್ತಿದ್ದ. ‘ಯಾರಿಗೆ, ಎಷ್ಟು ವರ್ಷದ ಮಗ’ ಎಂದು ಕೇಳುತ್ತಿದ್ದ. ಆ ಜಾಗದಲ್ಲಿ ಈಗ ಯಾರೂ ಇಲ್ಲ, ಮತ್ತು ಅದು ಖಾಲಿಯಾದದ್ದನ್ನು ನಾವು ಅನುಕೂಲ ಎಂದು ಕರೆದೆವು. ಇದನ್ನು ನಾನು ಹಳೆಯದರ ಮೋಹದಿಂದ ಹೇಳುತ್ತಿಲ್ಲ, ಆ ಜಾಗದಲ್ಲಿ ಕೂತು ನೋಡಿದವನಾಗಿ ಹೇಳುತ್ತಿದ್ದೇನೆ.

ಹೋದ ಯುಗಾದಿಗೆ ರಜೆಗೆ ಬಂದಿದ್ದ ಇಂಜಿನಿಯರಿಂಗ್ ಹುಡುಗನೊಬ್ಬ ಅಂಗಡಿಗೆ ಬಂದು, ‘ಅಂಕಲ್, ಹಳೇ ಜಾರ್ ಗೇಮ್ ಇಟ್ಟಿದೀರಾ?’ ಎಂದ. ಈಗಿನ ಫೋನಿನಲ್ಲಿ ಜೆ2ಎಂಇ ಲೋಡರ್ ಎಂಬ ಆಪ್ ಹಾಕಿಕೊಂಡರೆ ಅವನ್ನೆಲ್ಲ ಮತ್ತೆ ಆಡಬಹುದಂತೆ. ಮಾವ ಹಳೇ ಹಾರ್ಡ್ ಡಿಸ್ಕ್ ತೆಗೆದು ಸಿಕ್ಕಿಸಿದರು. ಹುಡುಗ ತನ್ನ ಫೋನಿಗೆ ಕೇಬಲ್ ಹಾಕಿ ಕೊಟ್ಟ. ಯಾವ ಫೋಲ್ಡರ್ ಬೇಕು ಎಂದು ನಾನು ಕೇಳುವ ಮೊದಲೇ ಮಾವ 240×320 ತೆರೆದು, ಡೈಮಂಡ್ ರಶ್ ಮೇಲೆ ಮೌಸ್ ಇಟ್ಟು, ‘ನಿಮ್ಮವ್ವ ನಿಂಗೆ ಹಾಕಿಸ್ಕೊಂಡ್ ಹೋಗ್ತಿದ್ದಿದ್ದು ಇದ್ನೇ ಕಣ್ಲಾ’ ಎಂದರು.