ಆರ್ನೋಸ್ ವೇಲ್ ರುದ್ರಭೂಮಿಯಲ್ಲಿ

ಪರದೇಶಕ್ಕೆ ಹೋಗಿ ಸ್ಮಶಾನ ನೋಡಿಕೊಂಡು ಬಂದಿರಾ ಎಂದು ಆಪ್ತರು ನಮ್ಮನ್ನು ಹಾಸ್ಯ ಮಾಡಿದ್ದುಂಟು. ಆದರೆ ಇಂಗ್ಲೆಂಡಿನ ಬ್ರಿಸ್ಟಲ್ ನಗರದಲ್ಲಿ ನಾವು ಕಂಡ ಸ್ಥಳಗಳ ಪೈಕಿ ಮನಸ್ಸಿನಲ್ಲಿ ನಿಂತಿರುವುದು ಆರ್ನೋಸ್ ವೇಲ್ ರುದ್ರಭೂಮಿಯೇ. ಬಾತ್ ಪಟ್ಟಣದ ದಾರಿಯ ಮಗ್ಗುಲಲ್ಲಿ, ಗುಡ್ಡದ ಇಳಿಜಾರಿನಲ್ಲಿ, ಅದು ಸುಮಾರು 45 ಎಕರೆ ಹಬ್ಬಿದೆ.

ಹಿಂದೆ ಅಲ್ಲಿಯ ನಗರಗಳಲ್ಲಿ ಶವಗಳನ್ನು ಚರ್ಚಿನ ಅಂಗಳದಲ್ಲಿಯೇ ಹೂಳುತ್ತಿದ್ದರು. ಜನಸಂಖ್ಯೆ ಏರಿದಂತೆ ಹೂಳಿದಲ್ಲಿಯೇ ಮತ್ತೆ ಹೂಳಬೇಕಾಯಿತು. 1832ರಲ್ಲಿ ಕಾಲರಾ ಬೇನೆಯೂ ಬಂದಿತು. ಊರ ಹೊರಗೆ ಉದ್ಯಾನದಂತಹ ರುದ್ರಭೂಮಿ ಬೇಕೆಂಬ ವಿಚಾರ ಬಲಗೊಂಡಿತು; ಪ್ಯಾರಿಸ್ಸಿನಲ್ಲಿ 1804ರಲ್ಲಿಯೇ ಅಂತಹದೊಂದು ಆರಂಭವಾಗಿತ್ತು. ವಿಕ್ಟೋರಿಯಾ ರಾಣಿ ಪಟ್ಟಕ್ಕೆ ಬಂದ 1837ರಲ್ಲಿಯೇ ಪಾರ್ಲಿಮೆಂಟಿನ ಶಾಸನದ ಮೂಲಕ ಇದು ಸ್ಥಾಪನೆಯಾಗಿ, 1839ರಲ್ಲಿ ತೆರೆಯಿತು. ಚಾರ್ಲ್ಸ್ ಅಂಡರ್‌ವುಡ್ ಇದರ ಶಿಲ್ಪಿ. ದ್ವಾರದ ಬಳಿಯ ಕಾವಲುಮನೆಗಳು ಗ್ರೀಕ್ ದೇಗುಲಗಳನ್ನು ನೆನಪಿಸುತ್ತವೆ. ಒಳಗೆ ಪ್ರಾರ್ಥನಾಲಯಗಳು ಎರಡು: ರಾಜ್ಯಮಾನ್ಯ ಆಂಗ್ಲಿಕನ್ ಪಂಥದವರಿಗೆ ಒಂದು, ಅದನ್ನೊಪ್ಪದವರಿಗೆ ಇನ್ನೊಂದು. ಸತ್ತ ಮೇಲೂ ಪಂಥಭೇದ ಬಿಡಲಿಲ್ಲವಲ್ಲ ಎನಿಸಿತು. ಆದರೆ ಈ ವಿಷಯದಲ್ಲಿ ಪರರನ್ನು ಆಡಿಕೊಳ್ಳುವ ಅಧಿಕಾರ ನಮಗೆಲ್ಲಿದೆ?

ದ್ವಾರ ದಾಟಿ ಮುಂದೆ ನಡೆದಾಗ, ಶಿಲುಬೆಗಳ ನಡುವೆ ನಮ್ಮ ನಾಡಿನ ಛತ್ರಿಯಂತಹ ಮಂಟಪವೊಂದು ಕಣ್ಣಿಗೆ ಬಿದ್ದಿತು. ರಾಜಾ ರಾಮಮೋಹನ ರಾಯರ ಸಮಾಧಿ ಅದು. ಸತೀಪದ್ಧತಿಯ ವಿರುದ್ಧ ಹೋರಾಡಿದ ಆ ಮಹನೀಯರು 1831ರಲ್ಲಿ ಇಂಗ್ಲೆಂಡಿಗೆ ಹೋಗಿದ್ದರು. 1833ರ ಸೆಪ್ಟೆಂಬರ್ 27ರಂದು ಬ್ರಿಸ್ಟಲ್ಲಿನ ಸ್ಟೇಪಲ್‌ಟನ್ನಿನಲ್ಲಿ ತೀರಿಕೊಂಡರು.

“ಅಷ್ಟು ದೂರ ಬಂದು ಹೋದರಲ್ಲ, ಮಣ್ಣಿಗೆ ಯಾರು ಬಂದಿದ್ದರೋ?” ಎಂದು ನಮ್ಮೊಡನಿದ್ದ ಹಿರಿಯಕ್ಕನವರು ಕೇಳಿದರು. ಸಾಕುಮಗ ರಾಜಾರಾಮ, ಸೇವಕರು, ಕೆಲವು ಆಂಗ್ಲ ಸ್ನೇಹಿತರು, ಇಷ್ಟೇ ಮಂದಿ. ಕ್ರೈಸ್ತ ಸ್ಮಶಾನದಲ್ಲಿ ಹೂಳಬಾರದೆಂಬುದು ರಾಯರ ಇಚ್ಛೆಯಾಗಿತ್ತು. ಶವದಹನದ ರೂಢಿ ಆಗ ಆ ದೇಶದಲ್ಲಿ ಇರಲಿಲ್ಲ. ಆದ್ದರಿಂದ ತಂಗಿದ್ದ ಮನೆಯ ತೋಟದಲ್ಲಿಯೇ ಗಿಡಗಳ ಮರೆಯಲ್ಲಿ ಮೌನವಾಗಿ ಹೂಳಿದರು. ಹತ್ತು ವರ್ಷಗಳ ತರುವಾಯ, 1843ರಲ್ಲಿ, ಮಿತ್ರರಾದ ದ್ವಾರಕಾನಾಥ ಠಾಕೂರರು ಪಾರ್ಥಿವಾವಶೇಷವನ್ನು ಇಲ್ಲಿಗೆ ತಂದು ಮಂಟಪ ಕಟ್ಟಿಸಿದರು. ವಿಲಿಯಂ ಪ್ರಿನ್ಸೆಪ್ ಅದರ ನಕ್ಷೆ ಮಾಡಿದವರು. ಮೂರೇ ವರ್ಷಗಳಲ್ಲಿ ಠಾಕೂರರೂ ಇಂಗ್ಲೆಂಡಿನಲ್ಲಿಯೇ ತೀರಿಕೊಂಡು ಲಂಡನ್ನಿನ ಕೆನ್ಸಲ್ ಗ್ರೀನ್ ಸ್ಮಶಾನ ಸೇರಿದರು. ಅಕ್ಕನವರು ಬಹಳ ಹೊತ್ತು ಮಾತನಾಡಲಿಲ್ಲ.

ರಾಯರನ್ನು ಕಂಡು ಪ್ರಭಾವಿತರಾಗಿ, ಮುಂದೆ ನಾಲ್ಕು ಬಾರಿ ಭಾರತಕ್ಕೆ ಬಂದು ಸ್ತ್ರೀಶಿಕ್ಷಣಕ್ಕಾಗಿ ಶ್ರಮಿಸಿದ ಮೇರಿ ಕಾರ್ಪೆಂಟರ್ ಅವರೂ ಇಲ್ಲಿಯೇ ಮಲಗಿದ್ದಾರೆ. ಅನಾಥ ಮಕ್ಕಳನ್ನು ಸಾವಿರಗಟ್ಟಲೆ ಸಲಹಿದ ಜಾರ್ಜ್ ಮುಲ್ಲರ್ ಅವರ ಸಮಾಧಿಯೂ ಇದೆ.

ಇಂತಹ ನೆಲವೂ ಹಾಳಾಗುವುದರಲ್ಲಿತ್ತು. ಜಾಗ ತುಂಬಿದಂತೆ ಆದಾಯ ಕುಗ್ಗಿತು; ಕಲ್ಲುಗಳ ಮೇಲೆ ಬಳ್ಳಿ ಹಬ್ಬಿ ಕಾಡು ಬೆಳೆಯಿತು. 1980ರ ದಶಕದಲ್ಲಿ ಇಲ್ಲಿ ಮನೆಗಳನ್ನು ಕಟ್ಟುವ ಯೋಜನೆ ಕೇಳಿಬಂದಾಗ ಊರಿನವರು ಎದುರು ನಿಂತರು. 1998ರಲ್ಲಿ ಇಲ್ಲಿಯ ಶವದಹನಾಲಯ ಮುಚ್ಚಿದ ಮೇಲೂ ಅವರು ಕೈಬಿಡಲಿಲ್ಲ. ಕೊನೆಗೆ 2003ರಲ್ಲಿ ನಗರಸಭೆಯು ಕಾನೂನಿನ ಬಲದಿಂದ ಜಾಗವನ್ನು ವಶಪಡಿಸಿಕೊಂಡಿತು. ರಾಯರ ಮಂಟಪ 2008ರಲ್ಲಿ ದುರಸ್ತಿಯಾಯಿತು.

ನಾವು ಹೊರಡುವಾಗ ವಯಸ್ಸಾದ ದಂಪತಿಗಳಿಬ್ಬರು ಒಂದು ಗೋರಿಯ ಮೇಲಿನ ಬಳ್ಳಿ ಬಿಡಿಸುತ್ತಿದ್ದರು. ನಿಮ್ಮ ಹಿರಿಯರದೇ ಎಂದು ವಿಚಾರಿಸಿದೆವು. ಅಲ್ಲ, ಯಾರದೆಂದು ಇನ್ನೂ ಓದಲು ಬಂದಿಲ್ಲ ಎಂದರು.